ಕಟ್ಟುಹಾವಿಗೆ ಒಂದು ಕಲ್ಲೂ ಇಲ್ಲ

ಹೋದ ಮಳೆಗಾಲದಲ್ಲಿ ಒಂದಿನ ರಾತ್ರಿ ಒಂಬತ್ತೂವರೆ ಹೊತ್ತಿಗೆ ಅಮ್ಮನಿಂದ ವಾಟ್ಸಾಪ್‌ನಲ್ಲಿ ಒಂದು ಫೋಟೋ ಬಂತು, ಅದರ ಹಿಂದೆನೇ ಒಂದು ವಾಯ್ಸ್ ಮೆಸೇಜು. "ಬಚ್ಚಲಲ್ಲಿ ಹುಳ ಬಂದಿದೆ ಮಾರಾಯ, ಯಾವ್ದು ಅಂತ ನೋಡಿ ಬೇಗ ಹೇಳು, ಅಪ್ಪಯ್ಯ ಕೋಲು ಹಿಡ್ಕೊಂಡು ಬಾಗಿಲಲ್ಲಿ ನಿಂತಿದಾರೆ." ನಾನು ಬೆಂಗಳೂರಲ್ಲಿ, ಊಟ ಮಾಡಿ ಮಂಚದ ಮೇಲೆ ಕಾಲು ಚಾಚ್ಕೊಂಡು ಕೂತಿದ್ದೆ. ಅವರು ಆಗುಂಬೆ ಘಾಟಿಯ ಮೇಲ್ಗಡೆ, ಪಕ್ಕದ ಮನೆಗೆ ಹೋಗ್ಬೇಕಂದ್ರೂ ಒಂದು ಗದ್ದೆ, ಒಂದು ಸಂಕ ದಾಟಬೇಕಾದ ಊರಲ್ಲಿ.

ಫೋಟೋ ನೋಡಿದ್ರೆ ಒದ್ದೆ ಸಿಮೆಂಟ್ ನೆಲದ ಮೇಲೆ ಫ್ಲಾಶ್ ಬಿದ್ದು ಅರ್ಧ ಫೋಟೋ ಬೆಳ್ಳಗಾಗಿದೆ. ನೀಲಿ ಬಕೆಟ್ಟು, ಅದರ ಅಡಿಯಿಂದ ಹೊರಗೆ ಚಾಚಿರೋ ಒಂದು ಗೇಣು ಮೈ, ಕಪ್ಪಗೆ, ಮೇಲೆ ಬಿಳಿ ಬಿಳಿ ಪಟ್ಟೆ. ತಲೆ ಬಕೆಟ್ ಅಡಿಗಿದೆ. ಬೇಕಾಗಿದ್ದಿದ್ದೇ ಆ ತಲೆ.

ಯಾಕಂದ್ರೆ ನಮ್ಮ ಕಡೆ ಮನೆಯೊಳಗೆ ಬರೋ ಪಟ್ಟೆ ಹಾವು ಸಾಮಾನ್ಯವಾಗಿ ಎರಡೇ. ಒಂದು ತೋಳದ ಹಾವು, ಹಲ್ಲಿ ತಿಂದ್ಕೊಂಡು ಗೋಡೆ ಸಂದಿಲಿ ಇರೋದು, ವಿಷ ಇಲ್ಲ, ಆದ್ರೆ ಸಿಟ್ಟು ಜಾಸ್ತಿ. ಇನ್ನೊಂದು ಕಟ್ಟುಹಾವು, ಕಡು ವಿಷದ್ದು. ತೋಳದ ಹಾವಿಗೆ ಪಟ್ಟೆ ಕತ್ತಿಂದಲೇ ಶುರುವಾಗಿ ಬಾಲದ ಕಡೆ ಹೋಗ್ತಾ ಮಾಸಿ ಹೋಗುತ್ತೆ, ಕಟ್ಟುಹಾವಿಗೆ ಹೆಚ್ಚಾಗಿ ಉಲ್ಟಾ, ಕತ್ತಿನ ಹತ್ರ ಖಾಲಿ ಖಾಲಿ ಇದ್ದು ಕೆಳಗೆ ಹೋದಹಾಗೆ ಪಟ್ಟೆ ಎದ್ದು ಕಾಣುತ್ತೆ, ತೆಳು ಗೆರೆ ಎರಡೆರಡು ಜೋಡಿಯಾಗಿ ಬಂದಿರುತ್ತೆ. ಬೆನ್ನಿನ ನಡುಗೆರೆಯಲ್ಲಿ ಆರು ಮೂಲೆಯ ದೊಡ್ಡ ದೊಡ್ಡ ಹುರುಪೆ ಸಾಲಾಗಿ ಇರುತ್ತೆ, ಅದು ಕಂಡ್ರೆ ಆಯ್ತು, ಅನುಮಾನವೇ ಇಲ್ಲ. ಇದೆಲ್ಲ ಹೇಳೋಕೆ ಚೆಂದ. ಗೇಣುದ್ದದ ಮಸುಕು ಫೋಟೋನ ಎರಡು ಬೆರಳಲ್ಲಿ ಎಳೆದೆಳೆದು ನೋಡೋವಾಗ ಕಾಣೋದು ಬರೀ ಚೌಕ ಚೌಕ ಚುಕ್ಕಿ.

"ಬಾಗಿಲು ಹಾಕಿ, ಅಡಿ ಸಂದಿಗೆ ಗೋಣಿಚೀಲ ಒತ್ತಿ, ಯಾರೂ ಒಳಗೆ ಹೋಗ್ಬೇಡಿ, ಅಪ್ಪಯ್ಯನಿಗೆ ಕೋಲು ಬಿಸಾಕಿ ಬರೋಕೆ ಹೇಳಿ" ಅಂದೆ. ಅಮ್ಮನ ಉತ್ತರ: "ಬೆಳಿಗ್ಗೆ ಸ್ನಾನ ಎಲ್ಲಿ ಮಾಡದು?"

ಆ ರಾತ್ರಿ ನಂಗೆ ನಿದ್ದೆ ಬರ್ಲಿಲ್ಲ. ಹಾವಿನ ಹೆದರಿಕೆಗಿಂತ ಹಳೇದೇನೋ ಒಂದು ನೆನಪಾಗಿ. ಅದಕ್ಕೆ ಆಮೇಲೆ ಬರ್ತೀನಿ.

ಅಮ್ಮ "ಹುಳ" ಅಂದ್ರಲ್ಲ, ನಮ್ಮಲ್ಲಿ ಹಾಗೇ. ದೀಪ ಹಚ್ಚಿದ ಮೇಲೆ ಹಾವು ಅಂತ ಬಾಯಲ್ಲಿ ಬರೋಹಾಗಿಲ್ಲ. ಕರೆದ್ರೆ ಬರುತ್ತಂತೆ. ಕಚ್ಚಿತು ಅಂತಲೂ ಹೇಳಲ್ಲ, "ಹುಳ ಮುಟ್ಟಿತು" ಅಂತಾರೆ. ಯಾರಿಗಾದ್ರೂ ಹುಳ ಮುಟ್ಟಿದೆ ಅಂತ ಸುದ್ದಿ ಬಂದ್ರೆ ಅಜ್ಜಿ ಮೊದಲು ಕೇಳ್ತಿದ್ದಿದ್ದು "ಒಳ್ಳೇದಾ, ಬೇರೆಯದಾ?" ಅಂತ. ಒಳ್ಳೇದು ಅಂದ್ರೆ ನಾಗರ. ತಮಿಳಿನೋರೂ ನಾಗರಹಾವಿಗೆ ನಲ್ಲ ಪಾಂಬು ಅಂತಲೇ ಅಂತಾರೆ, ಒಳ್ಳೆ ಹಾವು. ಬೇರೆಯದು ಅಂದ್ರೆ ಬೇರೆಯದು, ಅದಕ್ಕೆ ಅಜ್ಜಿ ಹತ್ರ ಮರ್ಯಾದೆಯ ಹೆಸರಿಲ್ಲ.

ನಾಗರಕ್ಕೆ ನಮ್ಮೂರಲ್ಲಿ ಇರೋ ಸೌಲಭ್ಯ ಎಷ್ಟು ಅಂತ ಲೆಕ್ಕ ಹಾಕಿದ್ರೆ ಸರ್ಕಾರಿ ನೌಕರರಿಗೂ ಹೊಟ್ಟೆಕಿಚ್ಚು ಬರಬೇಕು. ತೋಟದ ಮೇಲ್ಗಡೆ ನಾಗಬನ ಇದೆ, ಅಲ್ಲಿ ಕತ್ತಿ ಹಾಕೋಹಾಗಿಲ್ಲ, ಸೊಪ್ಪು ಕೂಡ ಕಡಿಯಲ್ಲ. ಶ್ರಾವಣದ ಪಂಚಮಿಗೆ ತನು ಎರೆಯೋದು, ಅಂದ್ರೆ ನಾಗನ ಕಲ್ಲಿಗೆ ಹಾಲು ಹೊಯ್ಯೋದು. ಘಾಟಿ ಇಳಿದು ಉಡುಪಿ, ಮಂಗಳೂರು ಕಡೆ ಹೋದ್ರೆ ಅದಕ್ಕೂ ಮೇಲೆ, ಆಶ್ಲೇಷಾ ಬಲಿ, ನಾಗಪ್ರತಿಷ್ಠೆ, ರಾತ್ರಿಯಿಡೀ ನಡೆಯೋ ನಾಗಮಂಡಲ, ಐದು ಬಣ್ಣದ ಪುಡಿಯಲ್ಲಿ ನೆಲದ ಮೇಲೆ ಬರೆದ ಆ ಗಂಟು ಗಂಟಿನ ಸರ್ಪ ನೋಡಿದ್ರೆ ಇದನ್ನ ಎಲ್ಲಿಂದ ಶುರುಮಾಡಿ ಎಲ್ಲಿ ಮುಗಿಸ್ತಾರೆ ಅಂತಲೇ ತಿಳಿಯಲ್ಲ. ಕುಕ್ಕೆ ಸುಬ್ರಹ್ಮಣ್ಯದಲ್ಲಿ ಸರ್ಪಸಂಸ್ಕಾರಕ್ಕೆ ಎರಡು ದಿನ ನಿಲ್ಲಬೇಕು, ಎಲ್ಲೆಲ್ಲಿಂದಲೋ ಜನ ಬುಕ್ ಮಾಡಿ ಬರ್ತಾರೆ.

ನಾನು ಏಳನೇ ಕ್ಲಾಸಲ್ಲಿದ್ದಾಗ ನಮ್ಮನೆ ದಾರಿಯಲ್ಲಿ ಜೀಪಿನ ಚಕ್ರಕ್ಕೆ ಸಿಕ್ಕಿ ಒಂದು ನಾಗರ ಸತ್ತಿತ್ತು. ದೊಡ್ಡಪ್ಪ ಅದನ್ನ ಬಾಳೆಲೆ ಮೇಲೆ ಮಲಗಿಸಿ, ಬಿಳಿ ಬಟ್ಟೆ ಹೊದೆಸಿ, ಗಂಧದ ಚೂರು, ತುಪ್ಪ, ಒಂದು ರೂಪಾಯಿ ನಾಣ್ಯ ಇಟ್ಟು ಸುಟ್ಟರು. ಭಟ್ಟರು ಬಂದು ಮಂತ್ರ ಹೇಳಿದ್ರು. ನಾವು ಮಕ್ಕಳು ದೂರ ನಿಂತು ನೋಡ್ತಿದ್ವಿ, ಯಾರೋ ಒಬ್ಬ ಆ ನಾಣ್ಯ ಆಮೇಲೆ ಏನಾಗುತ್ತೆ ಅಂತ ಕೇಳಿ ಏಟು ತಿಂದ. ದೊಡ್ಡಪ್ಪ ಸೂತಕ ಅಂತ ಮೂರು ದಿನ ಹಣೆಗೆ ಏನೂ ಹಚ್ಚಲಿಲ್ಲ. ಅದೇ ವಾರ ಕೊಟ್ಟಿಗೆ ಹಿಂದೆ ಒಂದು ಕೊಳಕುಮಂಡಲ ಕಂಡಾಗ ಅದೇ ದೊಡ್ಡಪ್ಪ ಗುದ್ದಲಿ ತಗೊಂಡು ಎರಡೇ ಏಟಿಗೆ ಮುಗಿಸಿ, ಕಡ್ಡಿಯಲ್ಲಿ ಎತ್ತಿ ಗೊಬ್ಬರಗುಂಡಿ ಆಚೆ ಎಸೆದರು. ಕೈ ತೊಳ್ಕೊಂಡು ಬಂದು ಕಾಫಿ ಕುಡಿದ್ರು.

ಇದು ಯಾರನ್ನೋ ಹಂಗಿಸೋಕೆ ಹೇಳ್ತಿರೋದಲ್ಲ. ದೊಡ್ಡಪ್ಪ ನಾನು ಕಂಡ ಮೆದು ಮನಸ್ಸಿನ ಮನುಷ್ಯರಲ್ಲಿ ಒಬ್ಬರು. ನಂಗೆ ಕಾಡೋದು ಬೇರೆ. ನಮ್ಮ ಭಯ, ಭಕ್ತಿ, ಕಥೆ, ಶಾಸ್ತ್ರ, ಖರ್ಚು, ಎಲ್ಲ ಒಂದೇ ಹಾವಿನ ಮೇಲೆ ಹೋಗಿ ಬಿದ್ದಿದೆ. ನಾಗರ ಏನು ಪಾಪದ್ದಲ್ಲ, ಕಚ್ಚಿದ್ರೆ ಅದೂ ಸಾಯಿಸುತ್ತೆ, ಆದ್ರೆ ಅದು ಹೆಡೆ ಎತ್ತುತ್ತೆ, ಬುಸ್ ಅನ್ನುತ್ತೆ, ನಾನಿಲ್ಲಿದೀನಿ ಅಂತ ಹೇಳುತ್ತೆ. ದೇವರಾಗೋಕೆ ಬೇಕಾದ ಎಲ್ಲಾ ಲಕ್ಷಣ ಅದಕ್ಕಿದೆ. ಸದ್ದಿಲ್ಲದೆ ಬಂದು ಹೋಗೋ ಕಟ್ಟುಹಾವಿಗೆ ನಮ್ಮೂರಲ್ಲಿ ಒಂದು ಕಲ್ಲಿಲ್ಲ, ಒಂದು ಕಥೆ ಇಲ್ಲ, ಅದನ್ನ ಸರಿಯಾಗಿ ಗುರುತು ಹಿಡಿಯೋರೇ ಬೆರಳೆಣಿಕೆ.

ತಮಾಷೆ ಅಂದ್ರೆ ವಿಜ್ಞಾನದಲ್ಲಿ ಈ ಹಾವಿನ ಕುಲದ ಹೆಸರು ಬಂಗಾರಸ್, ಅದು ತೆಲುಗಿನ ಬಂಗಾರು ಅನ್ನೋ ಪದದಿಂದ ಬಂದಿದ್ದು. ಹಳದಿ ಪಟ್ಟೆಯ ಜಾತಿಯೊಂದಿದೆ, ಅದನ್ನ ನೋಡಿ ಇಟ್ಟಿದ್ದು. ಪ್ಯಾಟ್ರಿಕ್ ರಸೆಲ್ ಅಂತ ಒಬ್ಬ ಸ್ಕಾಟ್ಲೆಂಡಿನ ಡಾಕ್ಟರು, ಈಸ್ಟ್ ಇಂಡಿಯಾ ಕಂಪನಿಯಲ್ಲಿದ್ದೋನು, ಕೋರಮಂಡಲ ಕರಾವಳಿಯ ಹಾವುಗಳನ್ನೆಲ್ಲ ಚಿತ್ರ ಸಮೇತ ದಾಖಲೆ ಮಾಡಿ 1796ರಲ್ಲಿ ಪ್ರಕಟಿಸಿದ, ಊರಿನೋರು ಏನಂತ ಕರೀತಾರೋ ಆ ತೆಲುಗು ಹೆಸರುಗಳನ್ನೂ ಬರ್ಕೊಂಡಿದ್ದ. ನಮ್ಮ ಕೊಳಕುಮಂಡಲಕ್ಕೆ ಇಂಗ್ಲಿಷಲ್ಲಿ ಅವನದೇ ಹೆಸರು, ರಸೆಲ್ಸ್ ವೈಪರ್. ನಾವು ಗುಡಿ ಕಟ್ಟದ ಹಾವುಗಳಿಗೆ ಕಂಪನಿ ಡಾಕ್ಟರು ಹೆಸರು ಕೊಟ್ಟ.

ಈಗ ಆ ಹಳೇ ನೆನಪು.

ನಮ್ಮ ತೋಟದ ಅಡಿಕೆ ಕೊನೆಕೊಯ್ಲಿಗೆ ಅಂತ ಬಯಲುಸೀಮೆ ಕಡೆಯಿಂದ ಒಂದು ಕುಟುಂಬ ಬಂದು ಶೆಡ್ಡಲ್ಲಿ ಉಳ್ಕೊಂಡಿತ್ತು. ಅವರ ಮಗಳು ನನ್ನದೇ ವಯಸ್ಸು, ಒಂಬತ್ತೋ ಹತ್ತೋ. ಒಂದಿನ ಬೆಳಿಗ್ಗೆ ಆ ಹುಡುಗಿಗೆ ಹೊಟ್ಟೆನೋವು. ಅವಳ ಅಮ್ಮ ಬಂದು ನಮ್ಮಮ್ಮನ ಹತ್ರ ಓಮ ಇಸ್ಕೊಂಡು ಹೋದ್ರು. ಸ್ವಲ್ಪ ಹೊತ್ತಿಗೆ ಮತ್ತೆ ಬಂದು, ವಾಂತಿ ಮಾಡ್ಕೊಂಡ್ಳು, ಗಂಟಲು ಹಿಡಿದಿದೆ ಅಂತಾಳೆ ಅಂದ್ರು. ಗ್ಯಾಸ್ ಇರಬೇಕು ಅಂತ ಜೀರಿಗೆ ಕಷಾಯ ಕೊಟ್ರು. ನಾನು ನೋಡೋಕೆ ಹೋದಾಗ ಅವಳು ಗೋಡೆಗೆ ಒರಗಿ ಕೂತಿದ್ಳು, ಕಣ್ಣಿನ ರೆಪ್ಪೆ ಅರ್ಧ ಮುಚ್ಚಿತ್ತು, ಅಜ್ಜಿ "ನಿದ್ದೆ ಸಾಲದು ಕೂಸಿಗೆ" ಅಂದ್ರು. ಅವಳು ನನ್ನ ನೋಡೋಕೆ ತಲೆಯನ್ನೇ ಹಿಂದಕ್ಕೆ ಎತ್ತಿದ್ಳು, ರೆಪ್ಪೆ ಎತ್ತೋಕಾಗ್ದೆ. ಅದು ನಂಗೆ ಇವತ್ತಿಗೂ ಕಣ್ಣಿಗೆ ಕಟ್ಟಿದ ಹಾಗಿದೆ. ಮಧ್ಯಾಹ್ನ ಜೀಪು ಮಾಡಿಸಿ ಕರ್ಕೊಂಡು ಹೋದ್ರು, ಅರ್ಧ ದಾರಿಯಲ್ಲೇ ಉಸಿರು ನಿಂತಿತ್ತು. ಸಂಜೆ ಶೆಡ್ಡಿನ ಚಾಪೆ ಮಡಚೋವಾಗ ಮೂಲೆಯಲ್ಲಿ ಸುತ್ಕೊಂಡು ಮಲಗಿತ್ತು, ಕಪ್ಪಗೆ, ಮಿರಿಮಿರಿ ಹೊಳೀತಾ.

ಕಟ್ಟುಹಾವು ರಾತ್ರಿ ಓಡಾಡೋದು. ಹಗಲು ಸಿಕ್ಕಿದ್ರೆ ಮುದುಡಿ ತಲೆ ಅಡಗಿಸಿಕೊಳ್ಳೋ ಸೋಮಾರಿ, ರಾತ್ರಿ ಬೇರೇನೇ ಪ್ರಾಣಿ. ನೆಲದ ಮೇಲೆ ಮಲಗಿದೋರ ಪಕ್ಕ ಹಾದುಹೋಗ್ತಾ, ನಿದ್ದೆಗಣ್ಣಲ್ಲಿ ಅವರು ಮಗ್ಗುಲು ಬದಲಿಸಿದಾಗ ಕಚ್ಚಿಬಿಡುತ್ತೆ. ನೋವು ಇಲ್ಲದಷ್ಟೇ ಕಡಿಮೆ, ಬಾವು ಬರಲ್ಲ, ರಕ್ತ ಬರಲ್ಲ, ಹಲ್ಲಿನ ಗುರುತು ಹುಡುಕಿದ್ರೂ ಎಷ್ಟೋ ಸಲ ಸಿಗಲ್ಲ. ಸೊಳ್ಳೆಯೋ ಇರುವೆಯೋ ಅಂತ ಕೆರ್ಕೊಂಡು ಮತ್ತೆ ಮಲಗಿಬಿಡ್ತಾರೆ. ವಿಷ ನರದಿಂದ ಸ್ನಾಯುವಿಗೆ ಹೋಗೋ ಸುದ್ದಿಯನ್ನ ತಡೆಯುತ್ತೆ, ಮೊದಲು ರೆಪ್ಪೆ, ಆಮೇಲೆ ಗಂಟಲು, ಕೊನೆಗೆ ಉಸಿರು. ಆ ಹೊತ್ತಿಗೆ ಬೇಕಾಗಿರೋದು ವೆಂಟಿಲೇಟರು, ಮೆಷಿನ್ ಇಲ್ಲದಿದ್ರೆ ಕೈಯಲ್ಲಿ ಒತ್ತೋ ಚೀಲವಾದ್ರೂ. ನಾವು ಕೊಟ್ಟಿದ್ದು ಜೀರಿಗೆ ಕಷಾಯ. ಅಮ್ಮ ಈಗಲೂ ಆ ಮಾತು ಬಂದ್ರೆ ಎದ್ದು ಒಳಗೆ ಹೋಗ್ತಾರೆ. ಮಳೆಗಾಲದಲ್ಲಿ ಬೆಳಿಗ್ಗೆ ಎದ್ದೋರಿಗೆ ಸುಮ್ಮಸುಮ್ನೆ ಹೊಟ್ಟೆನೋವು, ಕಣ್ಣು ಬಿಡೋಕಾಗ್ತಿಲ್ಲ ಅಂದ್ರೆ ಹಾವು ಇರಬಹುದು ಅಂತ ಯೋಚನೆ ಮಾಡೋದನ್ನ ನಮಗೆ ಯಾರೂ ಹೇಳಿಕೊಟ್ಟಿರ್ಲಿಲ್ಲ.

ದೇಶದಲ್ಲಿ 2000ದಿಂದ 2019ರವರೆಗೆ ಹಾವು ಕಚ್ಚಿ ಸತ್ತೋರು ಸುಮಾರು 12 ಲಕ್ಷ ಅಂತ 2020ರಲ್ಲಿ ಬಂದ ಒಂದು ದೊಡ್ಡ ಅಧ್ಯಯನ ಅಂದಾಜು ಮಾಡಿತ್ತು, ವರ್ಷಕ್ಕೆ ಸರಾಸರಿ 58,000. ಅದ್ರಲ್ಲಿ ಅರ್ಧದಷ್ಟು ಜೂನ್‌ನಿಂದ ಸೆಪ್ಟೆಂಬರ್ ಒಳಗೆ. ನಾಟಿ ಟೈಮು, ಕಳೆ ಕೀಳೋ ಟೈಮು, ಬಿಲಕ್ಕೆ ನೀರು ನುಗ್ಗಿ ಇಲಿಯೂ ಅದರ ಹಿಂದೆ ಹಾವೂ ಮೇಲೆ ಬರೋ ಟೈಮು. ಬಹುಪಾಲು ಹಳ್ಳಿಯೋರು, ಮನೆಯಲ್ಲೇ ಸತ್ತೋರು. ಮನೆಯಲ್ಲೇ ಸತ್ತೋರನ್ನ ಆಸ್ಪತ್ರೆ ಪುಸ್ತಕದಲ್ಲಿ ಬರೆಯೋದು ಯಾರು? ಆ ಹುಡುಗಿಯ ಹೆಸರೂ ಯಾವ ಲೆಕ್ಕಕ್ಕೂ ಸೇರಿರಲ್ಲ. ಕರ್ನಾಟಕದಲ್ಲಿ ಹಾವು ಕಡಿತವನ್ನ ಕಡ್ಡಾಯವಾಗಿ ವರದಿ ಮಾಡಬೇಕು ಅಂತ ಆಗಿದ್ದು 2024ರ ಫೆಬ್ರವರಿಯಲ್ಲಿ. ತಡ ಆದ್ರೂ ಆಯ್ತಲ್ಲ, ಅಷ್ಟು ಸಮಾಧಾನ.

ಕೊಳಕುಮಂಡಲದ್ದು ಬೇರೆ ಥರ. ಅದು ಗದ್ದಲ ಮಾಡುತ್ತೆ, ಪ್ರೆಷರ್ ಕುಕ್ಕರ್ ಸೀಟಿಗೆ ಮುಂಚೆ ಬರುತ್ತಲ್ಲ ಅಂಥ ಸದ್ದು. ಆದ್ರೆ ತರಗೆಲೆಯಲ್ಲಿ ಬಿದ್ಕೊಂಡ್ರೆ ಕಣ್ಣೆದುರಿಗಿದ್ರೂ ಕಾಣಲ್ಲ. ಮೊಟ್ಟೆ ಇಡಲ್ಲ, ಮರಿ ಹಾಕುತ್ತೆ, ಒಂದೊಂದು ಸಲಕ್ಕೆ ಡಜನ್‌ಗಟ್ಟಲೆ. ಆರು ವರ್ಷದ ಹಿಂದೆ ನಮ್ಮ ತೋಟದಲ್ಲಿ ಉದುರಡಿಕೆ ಹೆಕ್ತಿದ್ದ ನಮ್ಮ ಮನೆಯ ಖಾಯಂ ಆಳಿಗೆ ಮುಂಗಾಲಿಗೆ ಮುಟ್ಟಿತು. ನಾನು ಆವತ್ತು ಊರಲ್ಲೇ ಇದ್ದೆ. ಯಾರೋ ಆಗಲೇ ಬೈರಾಸು ಬಿಗಿಯಾಗಿ ಕಟ್ಟಿಬಿಟ್ಟಿದ್ರು, ಕಾಲು ನೇರಳೆ ಬಣ್ಣಕ್ಕೆ ತಿರುಗ್ತಿತ್ತು. ಹಾಗೆ ಕಟ್ಟಬಾರದು, ಮಂಡಲದ ವಿಷ ಅಲ್ಲೇ ನಿಂತು ಮಾಂಸ ಕೊಳೆಯುತ್ತೆ, ಬಿಚ್ಚಿದ ಕೂಡಲೇ ಎಲ್ಲ ಒಟ್ಟಿಗೆ ಮೇಲೆ ಹೋಗುತ್ತೆ ಅಂತ ನಾನು ಅಂದ್ರೆ, ಯಾರು ಕೇಳ್ತಾರೆ, ಸಿಟಿಯಿಂದ ಬಂದೋನ ಮಾತು. ಅವರ ಮನೆಯೋರು ಮೊದಲು ಸೊಪ್ಪಿನ ಔಷಧಿ ಕೊಡೋರ ಹತ್ರ ಹೋಗಲೇಬೇಕು ಅಂದ್ರು. ಎರಡು ಗಂಟೆ ಅಲ್ಲಿ ಹೋಯ್ತು. ಆ ಔಷಧಿ ಕೊಡೋರು ಕೆಟ್ಟೋರಲ್ಲ, ದುಡ್ಡೂ ತಗೊಳ್ಳಲ್ಲ, ಅದೇ ಕಷ್ಟ. ಮೋಸಗಾರ ಆಗಿದ್ರೆ ಬೈಬಹುದಿತ್ತು. ವಿಷ ಇಲ್ಲದ ಹಾವು ಕಚ್ಚಿ ಬಂದ ಹತ್ತು ಜನ ಅವರ ಸೊಪ್ಪಿಂದ ಉಳಿದಿದಾರೆ ಅಂತ ಊರಿಗೆ ಊರೇ ಸಾಕ್ಷಿ ಹೇಳುತ್ತೆ. ವಿಷದ ಹಾವು ಕಚ್ಚಿದ್ರೂ ಕೆಲವು ಸಲ ವಿಷ ಬಿಟ್ಟಿರಲ್ಲ, ಅದರ ಹೆಸರೂ ಸೊಪ್ಪಿಗೇ ಸೇರುತ್ತೆ.

ಕೊನೆಗೆ ತಾಲೂಕು ಆಸ್ಪತ್ರೆಗೆ ಮುಟ್ಟಿದಾಗ ಅವನ ವಸಡಿಂದ ರಕ್ತ ಜಿನುಗ್ತಿತ್ತು. ಅಲ್ಲಿದ್ದ ಚಿಕ್ಕ ವಯಸ್ಸಿನ ಡಾಕ್ಟರಮ್ಮ ಏನೂ ಗಾಬರಿ ಮಾಡ್ಕೊಳ್ಳದೆ ಎರಡು ಎಂಎಲ್ ರಕ್ತ ತೆಗೆದು ಒಂದು ಗಾಜಿನ ಟ್ಯೂಬಿಗೆ ಹಾಕಿ ಕಿಟಕಿ ಕಟ್ಟೆ ಮೇಲೆ ನೆಟ್ಟಗೆ ನಿಲ್ಲಿಸಿ, "ಇದನ್ನ ಯಾರೂ ಮುಟ್ಟಬೇಡಿ, ಅಲ್ಲಾಡಿಸಬೇಡಿ, ಇಪ್ಪತ್ತು ನಿಮಿಷ" ಅಂದ್ರು. ಪ್ಲಾಸ್ಟಿಕ್ ಟ್ಯೂಬ್ ಆಗಲ್ಲ, ಗಾಜೇ ಆಗಬೇಕು, ಸೋಪಿನ ಪುಡಿ ಹಾಕಿ ತೊಳೆದದ್ದೂ ಆಗಬಾರದು, ಗಾಜು ತಾಗಿದ್ರೇನೇ ರಕ್ತಕ್ಕೆ ಹೆಪ್ಪುಗಟ್ಟೋ ನೆನಪು ಬರೋದು. ನನ್ನ ಜೀವನದಲ್ಲಿ ಅಷ್ಟು ಉದ್ದದ ಇಪ್ಪತ್ತು ನಿಮಿಷ ಇನ್ನೊಂದಿಲ್ಲ. ನಾನು, ಅವನ ಹೆಂಡತಿ, ಅವನ ಭಾವ, ಮೂರೂ ಜನ ಅವನನ್ನ ಬಿಟ್ಟು ಆ ಟ್ಯೂಬನ್ನೇ ನೋಡ್ತಾ ನಿಂತಿದ್ವಿ. ಹೊರಗೆ ಯಾರೋ ಸ್ಕೂಟಿ ಕಿಕ್ ಹೊಡೀತಿದ್ರು, ಸ್ಟಾರ್ಟ್ ಆಗ್ತಾನೇ ಇರ್ಲಿಲ್ಲ. ಟೈಮಾದ ಮೇಲೆ ಡಾಕ್ಟರಮ್ಮ ಬಂದು ಟ್ಯೂಬನ್ನ ಒಂದೇ ಸಲ ನಿಧಾನಕ್ಕೆ ಓರೆ ಮಾಡಿದ್ರು. ಮಾಮೂಲಿ ರಕ್ತ ಆಗಿದ್ರೆ ಅಷ್ಟೊತ್ತಿಗೆ ಗಟ್ಟಿ ಮೊಸರಿನ ಹಾಗೆ ಅಂಟ್ಕೊಂಡು ನಿಲ್ಲಬೇಕಿತ್ತು. ಅದು ಕೋಕಮ್ ಪಾನಕದ ಥರ ಸರಕ್ಕಂತ ಹರೀತು. ಅವನ ಹೆಂಡತಿಗೆ ಯಾರೂ ಏನೂ ವಿವರಿಸಬೇಕಾಗ್ಲಿಲ್ಲ.

ಹತ್ತು ವಯಲ್ ಆಂಟಿವೆನಮ್ ಡ್ರಿಪ್ಪಿಗೆ ಹಾಕಿದ್ರು, ಪಕ್ಕದಲ್ಲೇ ಅಡ್ರಿನಲಿನ್ ಸಿರಿಂಜ್ ತುಂಬಿಸಿ ಇಟ್ಕೊಂಡು, ಯಾಕಂದ್ರೆ ಆ ಔಷಧಿನೇ ಕೆಲವರಿಗೆ ಅಲರ್ಜಿ ಆಗಿ ಆಪತ್ತು ತರಬಹುದು. ಆರು ಗಂಟೆ ಬಿಟ್ಟು ಮತ್ತೆ ಟ್ಯೂಬು, ಮತ್ತೆ ಇಪ್ಪತ್ತು ನಿಮಿಷ. ಆಮೇಲೆ ಶಿವಮೊಗ್ಗ, ಕಿಡ್ನಿಗೆ ಪೆಟ್ಟಾಗಿ ನಾಲ್ಕು ಸಲ ಡಯಾಲಿಸಿಸ್. ಬದುಕಿದ. ಈಗಲೂ ಚಳಿಗಾಲದಲ್ಲಿ ಆ ಕಾಲು ಬಾತ್ಕೊಳ್ಳುತ್ತೆ ಅಂತಾನೆ.

ಆ ವಯಲ್ ಎಲ್ಲಿಂದ ಬಂತು ಅಂತ ಆಮೇಲೆ ಓದ್ತಾ ಹೋದೆ. ಹಾವಿನ ವಿಷವನ್ನ ಸ್ವಲ್ಪ ಸ್ವಲ್ಪ ಕುದುರೆಗೆ ಚುಚ್ಚಿ, ಕುದುರೆಯ ರಕ್ತದಲ್ಲಿ ಬೆಳೆಯೋ ಪ್ರತಿಕಾಯ ತೆಗೆದು ಮಾಡೋದು. ನಾಗರ, ಕಟ್ಟುಹಾವು, ಕೊಳಕುಮಂಡಲ, ಗರಗಸಮಂಡಲ ಈ ನಾಲ್ಕಕ್ಕೂ ಸೇರಿ ಒಂದೇ ಔಷಧಿ. ವಿಷದ ಬಹುಪಾಲು ಬರೋದು ಚೆನ್ನೈ ಹತ್ರ ಇರೋ ಇರುಳ ಬುಡಕಟ್ಟಿನವರ ಸಹಕಾರ ಸಂಘದಿಂದ. ಅವರು ಹಿಂದೆ ಹಾವಿನ ಚರ್ಮದ ವ್ಯಾಪಾರಕ್ಕೆ ಹಾವು ಹಿಡಿದು ಕೊಡ್ತಿದ್ರು. 1972ರ ವನ್ಯಜೀವಿ ಕಾಯ್ದೆ ಬಂದು ಆಮೇಲೆ ಚರ್ಮದ ರಫ್ತೂ ನಿಂತಾಗ ಹೊಟ್ಟೆಪಾಡು ಹೋಯ್ತು. ಹಾವಿನ ತಜ್ಞ ರೋಮ್ಯುಲಸ್ ವಿಟೇಕರ್ ಅವರ ಜೊತೆ ಸೇರಿ 1978ರಲ್ಲಿ ಈ ಸಂಘ ಶುರುವಾಯ್ತು, ಹಾವು ಹಿಡಿಯೋದು, ಕೆಲವು ವಾರ ಮಡಕೆಯಲ್ಲಿ ಇಟ್ಕೊಂಡು ವಿಷ ತೆಗೆಯೋದು, ವಾಪಸ್ ಬಿಡೋದು. ಆ ಸಮುದಾಯದ ವಡಿವೇಲ್ ಗೋಪಾಲ್, ಮಾಸಿ ಸಡೈಯನ್ ಇಬ್ಬರಿಗೂ 2023ರಲ್ಲಿ ಪದ್ಮಶ್ರೀ ಬಂತು. ನಮ್ಮ ತೋಟದ ಆಳಿನ ಮೈಯಲ್ಲಿ ಓಡಿದ್ದು ಯಾವುದೋ ಕುದುರೆ ಮತ್ತು ಯಾರೋ ಇರುಳರ ದಿನಗೂಲಿ.

ಅದ್ರಲ್ಲೂ ಒಂದು ತೊಡಕಿದೆ. ಒಂದೇ ಜಾತಿ ಹಾವಿನ ವಿಷ ಊರಿಂದೂರಿಗೆ ಬದಲಾಗುತ್ತೆ ಅಂತ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಲ್ಯಾಬಿನೋರು ತೋರಿಸಿದಾರೆ. ತಮಿಳುನಾಡಿನ ಹಾವಿನ ವಿಷದಲ್ಲಿ ಮಾಡಿದ ಮದ್ದು ರಾಜಸ್ಥಾನದ ಹಾವಿಗೂ ಅಷ್ಟೇ ಚೆನ್ನಾಗಿ ಕೆಲಸ ಮಾಡ್ಬೇಕು ಅಂತೇನಿಲ್ಲ. ನಮ್ಮ ಮಲೆನಾಡಿನ ತೋಟಗಳಲ್ಲಿ ಗುಳಿಮಂಡಲದ ಜಾತಿಯ, ಮೂತಿ ಮೇಲಕ್ಕೆ ಎತ್ತಿರೋ ಒಂದು ಚಿಕ್ಕ ಹಾವಿದೆ, ತರಗೆಲೆ ಬಣ್ಣದ್ದು, ಅಂಗೈಯಗಲ ಸುತ್ಕೊಂಡು ಕೂತಿರುತ್ತೆ, ಅದು ಕಚ್ಚಿದ್ರೂ ಕಿಡ್ನಿ ಹೋಗಬಹುದು, ಅದಕ್ಕೆ ಈ ನಾಲ್ಕರ ಮದ್ದು ನಾಟಲ್ಲ. ನಮ್ಮಲ್ಲಿ ಅದನ್ನೂ ಕೊಳಕುಮಂಡಲದ ಮರಿ ಅಂತಲೇ ಅಂದ್ಕೊಳ್ಳೋದು.

ಇನ್ನು ಕಾಳಿಂಗ. ಆಗುಂಬೆ ಅಂದ ಮೇಲೆ ಕಾಳಿಂಗ ಬರದಿದ್ರೆ ಊರಿನೋರು ನನ್ನ ಒಳಗೆ ಬಿಟ್ಕೊಳ್ಳಲ್ಲ. ವರ್ಷಕ್ಕೆ 7000 ಮಿಲಿಮೀಟರ್ ಮೇಲೆ ಮಳೆ ಬೀಳೋ ಜಾಗ, ವಿಟೇಕರ್ ಎಪ್ಪತ್ತರ ದಶಕದ ಶುರುವಲ್ಲಿ ಇಲ್ಲಿ ಕಾಳಿಂಗ ಕಂಡು, ಅದರ ಗುಂಗಲ್ಲೇ 2005ರಲ್ಲಿ ಮಳೆಕಾಡು ಸಂಶೋಧನಾ ಕೇಂದ್ರ ಮಾಡಿದ್ರು. ಕಾಳಿಂಗದ ಮೈಯೊಳಗೆ ರೇಡಿಯೋ ಇಟ್ಟು ಅದರ ಹಿಂದೆ ದಿನಗಟ್ಟಲೆ ನಡೆದಿದಾರೆ ಆ ಕೇಂದ್ರದ ಹುಡುಗರು. ಹೋದ ಹೋದಲ್ಲೆಲ್ಲ ಹಾವು ಹೋಗಿದ್ದು ಜನರ ಮನೆ ಹಿತ್ತಿಲು, ತೋಟ, ಗದ್ದೆ ಅಂಚಲ್ಲೇ, ಹೆಚ್ಚಿನ ಸಲ ಮನೆಯೋರಿಗೆ ಗೊತ್ತೇ ಆಗದ ಹಾಗೆ. 2024ರಲ್ಲಿ ನಮ್ಮ ಪಶ್ಚಿಮ ಘಟ್ಟದ ಕಾಳಿಂಗ ಬೇರೆಯದೇ ಜಾತಿ ಅಂತ ತೀರ್ಮಾನ ಆಗಿ, ವೈಜ್ಞಾನಿಕ ಹೆಸರಲ್ಲೇ ಕಾಳಿಂಗ ಅಂತ ಸೇರಿಸಿದ್ರು, ಒಫಿಯೋಫೇಗಸ್ ಕಾಳಿಂಗ. ಹಾವು ತಿನ್ನೋ ಕಾಳಿಂಗ ಅಂತ ಅರ್ಥ.

ಅದು ತಿನ್ನೋದನ್ನ ನಾನು ನೋಡಿದೀನಿ. ಸೌದೆ ಕೊಟ್ಟಿಗೆಯಿಂದ ಒಂದು ಕೇರೆಹಾವನ್ನ ಅಟ್ಟಿಸ್ಕೊಂಡು ಬಂದು ಅಂಗಳದ ತುದಿಯಲ್ಲಿ ಹಿಡೀತು, ಹಿಡಿದು ಬಿಡದೆ ಹಾಗೇ ಮಲಗಿತ್ತು, ಕೇರೆ ಒದ್ದಾಡಿ ಸುಸ್ತಾದ ಮೇಲೆ ತಲೆ ಕಡೆಯಿಂದ ಶುರು. ಮುಕ್ಕಾಲು ಗಂಟೆ ಆಗಿರಬೇಕು. ಕೊನೆಗೆ ಒಂದು ಅಡಿ ಬಾಲ ಶಾವಿಗೆ ಎಳೆ ಥರ ಬಾಯಿಂದ ನೇತಾಡ್ತಿತ್ತು. ಅಪ್ಪಯ್ಯ ಜಗುಲಿಯಲ್ಲಿ ಕೂತು ಕವಳ ಹಾಕ್ತಾ, ಟಿವಿಲಿ ಮ್ಯಾಚ್ ನೋಡೋ ಹಾಗೆ ನೋಡ್ತಿದ್ರು. ಹೊಡೆಯೋಣ ಅಂತ ಯಾರೂ ಅನ್ಲಿಲ್ಲ. ಕಾಳಿಂಗ ಇದ್ದಲ್ಲಿ ಬೇರೆ ಹಾವು ಕಡಿಮೆ ಅಂತ ನಮ್ಮೂರ ನಂಬಿಕೆ, ಅದೂ ಅಲ್ಲದೆ ಹನ್ನೆರಡು ಅಡಿ ಹಾವಿಗೆ ಹೊಡೆಯೋ ಧೈರ್ಯ ಇರೋರು ಯಾರು. ಕಾಳಿಂಗ ಕಚ್ಚಿ ಸತ್ತೋರ ಸುದ್ದಿ ನಮ್ಮ ಕಡೆ ಬಹಳ ಅಪರೂಪ. ಮಳೆ ಮುಂಚೆ ಹೆಣ್ಣು ಕಾಳಿಂಗ ಮೈಯಿಂದ ತರಗೆಲೆ ಗುಡ್ಡೆ ಮಾಡಿ ಗೂಡು ಕಟ್ಟಿ ಮೊಟ್ಟೆ ಇಟ್ಟು ಕಾಯುತ್ತೆ, ಹಾವುಗಳಲ್ಲಿ ಹಾಗೆ ಗೂಡು ಕಟ್ಟೋದು ಅದೊಂದೇ. ಮರಿ ಹೊರಬರೋ ಮುಂಚೆ ಜಾಗ ಬಿಟ್ಟು ಹೋಗುತ್ತೆ, ಇದ್ರೆ ತನ್ನ ಮರಿಯನ್ನೇ ತಿಂದೀತು ಅಂತ ಹೇಳ್ತಾರೆ.

ಹಾವು ಹಿಡಿಯೋ ಹುಡುಗರ ವಿಡಿಯೋಗಳ ಬಗ್ಗೆ ಒಂದು ಮಾತು ಹೇಳಿಬಿಡ್ತೀನಿ, ಬೈಯೋರು ಬೈಯಲಿ. ಕೊಕ್ಕೆ, ಚೀಲ, ಒಂದು ಪೈಪು ಹಿಡ್ಕೊಂಡು ಐದು ನಿಮಿಷದಲ್ಲಿ ಸದ್ದಿಲ್ಲದೆ ಕೆಲಸ ಮುಗಿಸಿ ಹೋಗೋ ಒಳ್ಳೆಯೋರಿದಾರೆ, ಅವರು ಕ್ಯಾಮೆರಾಕ್ಕೆ ಸಿಗಲ್ಲ. ಸಿಗೋದು ಬಾಲ ಹಿಡಿದು ತಿರುಗಿಸೋರು, ಹೆಡೆಗೆ ಮುತ್ತು ಕೊಡೋರು. ಹಿಡಿದದ್ದನ್ನ ಐವತ್ತು ಕಿಲೋಮೀಟರ್ ದೂರದ ಕಾಡಿಗೆ ಬಿಟ್ಟು ಬಂದ್ವಿ ಅಂತ ಹೆಮ್ಮೆ ಬೇರೆ. ಗೊತ್ತಿಲ್ಲದ ಜಾಗಕ್ಕೆ ಬಿಟ್ಟ ಹಾವು ದಿಕ್ಕುತಪ್ಪಿ ಅಲೀತಾನೇ ಇರುತ್ತೆ, ರಸ್ತೆಗೆ ಬರುತ್ತೆ, ಇನ್ಯಾರದೋ ಮನೆಗೆ ನುಗ್ಗುತ್ತೆ.

ಬನದ ಕಥೆಯೂ ಹಾಗೇ ಆಗ್ತಿದೆ. ಊರಿನ ಎರಡು ಬನಗಳಲ್ಲಿ ಒಂದಕ್ಕೆ ಕಾಂಕ್ರೀಟ್ ಕಟ್ಟೆ, ಟೈಲ್ಸು, ಕಬ್ಬಿಣದ ಗೇಟು, ಮೇಲೆ ಶೀಟು ಬಂದಿದೆ. ಜೀರ್ಣೋದ್ಧಾರ ಅಂತ ಬೋರ್ಡು. ಹಳೇ ಮರ, ಬಿಳಲು, ಹುತ್ತ ಎಲ್ಲ ಸವರಿ ಹಾಕಿದಾರೆ. ನಾಗಪ್ಪನ ಕಲ್ಲುಗಳು ಟೈಲ್ಸ್ ಮೇಲೆ ಸಾಲಾಗಿ ಬಸ್ಸಿಗೆ ಕಾಯೋರ ಥರ ನಿಂತಿವೆ, ನಿಜವಾದ ನಾಗರಕ್ಕೆ ಅಲ್ಲಿ ತಲೆ ಮರೆಸಿಕೊಳ್ಳೋಕೆ ಒಂದು ಪೊಟರೆ ಇಲ್ಲ.

ಇರಲಿ. ಬಚ್ಚಲ ಹಾವಿನ ವಿಷಯಕ್ಕೆ ಬರ್ತೀನಿ.

ಬೆಳಿಗ್ಗೆ ಅಪ್ಪಯ್ಯ ಉದ್ದ ದೋಟಿ ತುದಿಯಿಂದ ಬಕೆಟ್ ಉರುಳಿಸಿದ್ರು. ಅಡಿಯಲ್ಲಿ ಏನೂ ಇಲ್ಲ. ನೀರು ಹೋಗೋ ತೂತಿಂದ ಹೋಗಿದೆ. ಯಾವ ಹಾವು ಅಂತ ಕೊನೆಗೂ ಗೊತ್ತಾಗ್ಲಿಲ್ಲ. ಆ ತೂತಿಗೆ ಜಾಳಿಗೆ ಹಾಕಿಸಿ ಅಂತ ನಾನು ಮೂರು ವರ್ಷದಿಂದ ಹೇಳ್ತಿದೀನಿ. ಆವತ್ತು ಮಧ್ಯಾಹ್ನವೇ ಹಾಕಿಸಿದ್ರು. ಅಮ್ಮನಿಗೆ ನೆಲದ ಮೇಲೆ ಮಲಗಿದ್ರೇನೇ ಬೆನ್ನಿಗೆ ಹಿತ, ಜಗಳ ಆಡಿ ಮಂಚಕ್ಕೆ ಹತ್ತಿಸಿದೀನಿ, ಸೊಳ್ಳೆಪರದೆ ಅಂಚನ್ನ ಹಾಸಿಗೆ ಅಡಿಗೆ ಸಿಗಿಸೋದನ್ನ ವಿಡಿಯೋ ಕಾಲ್‌ನಲ್ಲಿ ತೋರಿಸಬೇಕು ಅಂತ ಷರತ್ತು. ಪರದೆ ಸೊಳ್ಳೆಗೆ ಅಂತ ಅಮ್ಮ ಅಂದ್ಕೊಂಡಿದಾರೆ, ಅದೂ ಆಗಲಿ ಬಿಡಿ.

ಪಂಚಮಿಗೆ ಊರಿಗೆ ಹೋಗೋವಾಗ ಮೂರು ಜೊತೆ ಗಮ್‌ಬೂಟು, ಎರಡು ಒಳ್ಳೆ ಬ್ಯಾಟ್ರಿ ತಗೊಂಡು ಹೋದೆ. ಅಮ್ಮ ಹಳೇ ಬನಕ್ಕೆ ಹೋಗಿ ತನು ಎರೆದು ಬಂದ್ರು, ನಾನೂ ಹೋಗಿದ್ದೆ, ಹಾವು ಹಾಲು ಕುಡಿಯಲ್ಲ ಅಂತ ಮೊದಲೆಲ್ಲ ವಾದ ಮಾಡ್ತಿದ್ದೆ, ಈಗಿಲ್ಲ, ಕಲ್ಲಿಗೆ ಎರೆದ್ರೆ ಯಾವ ಹಾವಿಗೂ ತೊಂದರೆ ಇಲ್ಲ, ಇರುವೆಗೆ ಹಬ್ಬ. ಬ್ಯಾಟ್ರಿ ಎಲ್ಲರಿಗೂ ಇಷ್ಟ ಆಯ್ತು. ಬೂಟು ಮಾತ್ರ ಯಾರೂ ಹಾಕ್ಲಿಲ್ಲ. ತೋಟದ ಇಳಿಜಾರಲ್ಲಿ ಜಾರುತ್ತೆ ಅಂತ ಒಬ್ಬರು, ಒಳಗೆ ಬೆವರಿ ಕಾಲು ಬೇಯುತ್ತೆ ಅಂತ ಇನ್ನೊಬ್ಬರು, ಕಚ್ಚಿಸ್ಕೊಂಡ ಅವನೇ "ಅದೆಲ್ಲ ನಂಗೆ ಅಭ್ಯಾಸ ಇಲ್ಲ ಅಯ್ಯಾ" ಅಂದು ಬರಿಗಾಲಲ್ಲಿ ಹುಲ್ಲು ಸವರೋಕೆ ಇಳಿದ. ಮೂರೂ ಜೊತೆ ಕೊಟ್ಟಿಗೆ ಗೋಡೆಗೆ ಒರಗಿಸಿ ಇಟ್ಟಿದ್ದು ಹಾಗೇ ಇದೆ.

ಹೋದ ವಾರ ಫೋನಲ್ಲಿ ಮಾತಾಡ್ತಾ, ಈ ಸಲ ಬಂದಾಗ ನಾನೇ ಹಾಕ್ಕೊಂಡು ತೋಟಕ್ಕೆ ಇಳೀತೀನಿ, ನೋಡಿ ಎಲ್ಲ ಕಲೀತಾರೆ ಅಂದೆ. ಅಮ್ಮ ಸ್ವಲ್ಪ ಹೊತ್ತು ಸುಮ್ಮನಿದ್ದು ಅಂದ್ರು, "ಹಾಕ್ಕೋ ಮಾರಾಯ. ಆದ್ರೆ ಕಾಲು ಹಾಕೋ ಮುಂಚೆ ಒಂದ್ಸಲ ತಲೆಕೆಳಗು ಮಾಡಿ ಕೊಡವಿ ಹಾಕ್ಕೋ. ಮಳೆಗಾಲದಿಂದ ಅಲ್ಲೇ ಇದಾವೆ ಅವು."